ಒಂದು ಬಾಯಿಗೆ ಎರಡು ಧ್ವನಿ

ಡಾಕ್ಟರ ಫೋನ್ ಬಂದಾಗ ನಾನು ಯಾವುದೋ ವಿಮಾ ಕಂಪನಿಯ ತರಬೇತಿ ವಿಡಿಯೊಗೆ ಧ್ವನಿ ಸರಿಮಾಡುತ್ತಾ ಕೂತಿದ್ದೆ. ಟೆಕ್ಸಸ್ ರಾಜ್ಯದ ಫಾರ್ಮರ್ಸ್ ಬ್ರಾಂಚ್‌ನಲ್ಲಿ, ಎಲ್‌ಬಿಜೆ ಫ್ರೀವೇ ಪಕ್ಕದ ಒಂದು ಆಫೀಸ್ ಪಾರ್ಕಿನಲ್ಲಿ ನಮ್ಮ ಸ್ಟುಡಿಯೊ. ಮುಂದೆ ಹಲ್ಲಿನ ಕ್ಲಿನಿಕ್, ಹಿಂದೆ ನಾವು. ಇಲ್ಲಿ ಸಿನಿಮಾ ಕೆಲಸ ನಡೆಯುತ್ತದೆಂದು ಹೊರಗಿನಿಂದ ನೋಡಿದವರು ಯಾರೂ ಹೇಳಲಾರರು. ನಿಜ ಹೇಳಬೇಕೆಂದರೆ ನಡೆಯುವುದೂ ಅಪರೂಪವೇ.

"ಮೇಡಂ, ಒಂದು ಸಣ್ಣ ಗದ್ದಲ ಆಗ್ಯದ ನೋಡ್ರಿ," ಅಂದರು ಡಾಕ್ಟರು.

'ಸಣ್ಣ' ಎಂಬ ಮಾತು ಕೇಳಿದರೆ ದೊಡ್ಡದೇ ಏನೋ ಆಗಿದೆ ಎಂದು ನನಗೆ ಖಾತ್ರಿಯಾಗುತ್ತದೆ. ಸ್ವಭಾವವೇ ಹಾಗೆ. ಚಿಂತೆ ಮಾಡಲು ಏನೂ ಇಲ್ಲದ ದಿನ, ಏನೋ ಮರೆತಿದ್ದೇನೆ ಎಂದು ಚಿಂತೆ ಮಾಡುವವಳು ನಾನು.

ಡಾಕ್ಟರು ಹುಬ್ಬಳ್ಳಿಯವರು. ಹ್ಯೂಸ್ಟನ್‌ನಲ್ಲಿ ಹೃದ್ರೋಗ ತಜ್ಞರು. ಸಿನಿಮಾದ ಹುಚ್ಚು ಚಿಕ್ಕಂದಿನಿಂದ ಇತ್ತಂತೆ. ಈಗ ಸ್ವಂತ ದುಡ್ಡಿನಲ್ಲಿ ಒಂದು ಚಿತ್ರ ಮಾಡಿದ್ದರು; ನಿರ್ದೇಶನ ಅವರ ಅಣ್ಣನ ಮಗಳದು. ಕನ್ನಡದ ಎಂಜಿನಿಯರ್ ಒಬ್ಬ ಜರ್ಮನಿಯಲ್ಲಿ ಓದುವಾಗ ಅಲ್ಲಿಯವಳನ್ನೇ ಮದುವೆಯಾಗಿ, ಟೆಕ್ಸಸ್‌ಗೆ ಬಂದು ನೆಲೆಸಿ, ಇದ್ದಕ್ಕಿದ್ದಂತೆ ತೀರಿಕೊಳ್ಳುತ್ತಾನೆ. ಆಮೇಲೆ ಸೊಸೆ ಮತ್ತು ಅತ್ತೆ ಒಂದೇ ಮನೆಯಲ್ಲಿ ಉಳಿಯುವ ಕಥೆ. ಸೊಸೆಯ ಪಾತ್ರಕ್ಕೆ ಜರ್ಮನಿಯಿಂದಲೇ ಒಬ್ಬ ನಟಿಯನ್ನು ಕರೆಸಿದ್ದರು. ಐವತ್ತು ದಾಟಿದ ಹೆಂಗಸು. ಅವರ ದೇಶದ ಟಿವಿಯಲ್ಲಿ ಬಹಳ ಕಾಲ ಪತ್ತೇದಾರಿ ಅಧಿಕಾರಿಯ ಪಾತ್ರ ಮಾಡಿ ಮನೆಮಾತಾದವರು. ಅತ್ತೆಯ ಪಾತ್ರಕ್ಕೆ ಹ್ಯೂಸ್ಟನ್ ಪಕ್ಕದ ಮಿಸೌರಿ ಸಿಟಿಯ ಒಬ್ಬ ಆಂಟಿ. ಧಾರವಾಡದವರು, ಕ್ಯಾಮೆರಾ ಮುಂದೆ ಯಾವತ್ತೂ ನಿಂತವರಲ್ಲ. ಶೂಟಿಂಗ್ ಆದದ್ದೂ ಅವರ ಮನೆಯಲ್ಲೇ.

ಗದ್ದಲ ಏನೆಂದರೆ, ಆ ಮನೆಯಲ್ಲಿ ತೆಗೆದ ದೃಶ್ಯಗಳ ಧ್ವನಿ ಪೂರ್ತಿ ಕೆಟ್ಟಿತ್ತು. ಆಂಟಿ ಗ್ಯಾರೇಜಿನಲ್ಲಿ ಎರಡನೇ ಅಡುಗೆಮನೆ ಮಾಡಿಸಿಕೊಂಡಿದ್ದಾರೆ. ಒಗ್ಗರಣೆ ವಾಸನೆ ಸೋಫಾಗೆ ಹಿಡಿಯಬಾರದೆಂದು ಇಲ್ಲಿ ಬಹಳ ಮಂದಿ ಹಾಗೆ ಮಾಡಿಸಿಕೊಳ್ಳುತ್ತಾರೆ. ಮನೆ ತುಂಬ ಜನ ಬಂದಿರುವಾಗ ಅವರೆಲ್ಲ ಪಿಜ್ಜಾ ತಿಂದುಕೊಂಡು ಇರುವುದು ಆಂಟಿಗೆ ಸರಿ ಕಾಣಲಿಲ್ಲ. ತಮ್ಮ ಶಾಟ್ ಇಲ್ಲದಾಗಲೂ ಇದ್ದಾಗಲೂ ಒಲೆಯ ಮೇಲೆ ಏನಾದರೊಂದು ಇಟ್ಟೇ ಬರುತ್ತಿದ್ದರು. ಎಕ್ಸಾಸ್ಟ್ ಫ್ಯಾನಿನ ಗುಂಯ್ ಎನ್ನುವ ಸದ್ದು, ನಡುನಡುವೆ ಕುಕ್ಕರಿನ ಸೀಟಿ. ಸೌಂಡ್ ಹುಡುಗನಿಗೆ ಕೇಳಿಸಿತ್ತು, ನಿರ್ದೇಶಕಿಗೂ ಗೊತ್ತಿತ್ತು. ಆದರೆ ಅಷ್ಟು ಪ್ರೀತಿಯಿಂದ ಬಡಿಸುವವರಿಗೆ ಒಲೆ ಆರಿಸಿ ಅಂತ ಯಾರು ಹೇಳುತ್ತಾರೆ? ಯಾರೂ ಹೇಳಲಿಲ್ಲ. ಎಲ್ಲರೂ ಬಿಸಿಬೇಳೆಭಾತ್ ಉಂಡು ಕೆಲಸ ಮುಗಿಸಿದರು.

ಹಾಗಾಗಿ ಆ ಮಾತುಗಳನ್ನೆಲ್ಲ ಹೊಸದಾಗಿ ಡಬ್ಬಿಂಗ್ ಮಾಡಬೇಕಿತ್ತು. ನಟಿ ವಾರದ ಕೊನೆಗೆ ಊರಿಗೆ ಹೊರಡುವವರು. ಕನ್ನಡ ಬಲ್ಲ ಸೌಂಡ್‌ನವಳೆಂದರೆ ಡಾಕ್ಟರಿಗೆ ಗೊತ್ತಿದ್ದವಳು ನಾನೊಬ್ಬಳೇ.

"ಆಕೀದು ಇಂಗ್ಲಿಷ್ ಮಾತು ಛಂದಾಗಿ ಮಾಡ್ಕೋರಿ," ಅಂದರು. "ಕನ್ನಡದ್ದು ಸುಮ್ನ ಮಾಡ್ಸಿದಂಗ ಮಾಡ್ರಿ ಸಾಕು. ಬೆಂಗಳೂರಾಗ ಒಬ್ಬಾಕಿ ಡಬ್ಬಿಂಗ್ ಕಲಾವಿದೆ ಇದ್ದಾಳ. ಆಕಿ ಕಡೆಯಿಂದ ಮಾಡ್ಸಿ ತರಿಸೇನಿ. ಅಗದೀ ಛಲೋ ಮಾಡ್ಯಾಳ."

"ನಟಿಗೆ ಗೊತ್ತಾ ಡಾಕ್ಟ್ರೇ?"

"ಹೇಳಿಲ್ಲ. ಎದಕ್ಕ ಹೇಳೋದ್ರಿ, ಪಾಪ, ಮನಸ್ಸಿಗೆ ಹಚ್ಕೋತಾಳ. ನೀವೂ ಹೇಳಬ್ಯಾಡ್ರಿ."

ಅವರ ದೃಷ್ಟಿಯಲ್ಲಿ ಇದು ಮೋಸವಲ್ಲ. ನಮ್ಮ ಸಿನಿಮಾಗಳಲ್ಲಿ ನಾಯಕಿಯ ಮುಖ ಒಬ್ಬರದು, ಧ್ವನಿ ಇನ್ನೊಬ್ಬರದು ಆಗಿರುವುದು ಎಷ್ಟು ಸಲ ಇಲ್ಲ? ಯಾರಿಗೂ ಅದು ಅವಮಾನ ಅನ್ನಿಸುವುದಿಲ್ಲ. ಕಷ್ಟದ ಕೆಲಸದಿಂದ ಅತಿಥಿಯನ್ನು ತಪ್ಪಿಸಿದೆ ಎಂದೇ ಡಾಕ್ಟರು ಅಂದುಕೊಂಡಿದ್ದರು. ನಾನು ಹೂಂ ಅಂದು ಫೋನ್ ಇಟ್ಟೆ. ಮಧ್ಯಾಹ್ನದ ಡಬ್ಬಿ ತೆಗೆದೆ, ಊಟ ಸೇರಲಿಲ್ಲ.

ಮಾರನೇ ದಿನ ಬೆಳಿಗ್ಗೆ ನಟಿ ಬಂದರು. ಟಿವಿಯವರೆಂದು ನಾನು ಏನೇನೋ ಊಹಿಸಿಕೊಂಡಿದ್ದೆ. ಬಂದವರು ಹತ್ತಿಯ ಅಂಗಿ, ಸದ್ದು ಮಾಡದ ಬೂಟು, ಬಿಸಿನೀರಿನ ಫ್ಲಾಸ್ಕ್. ಸದ್ದು ಮಾಡುವ ಒಂದು ಒಡವೆಯೂ ಮೈಮೇಲಿಲ್ಲ. ಧ್ವನಿ ದಾಖಲಿಸುವ ಗಾಜಿನ ಬೂತಿನಲ್ಲಿ ದುಡಿದು ಗೊತ್ತಿರುವವರು ಮಾತ್ರ ಹಾಗೆ ಬರುತ್ತಾರೆ. ನಮ್ಮ ಮಾತು ಇಂಗ್ಲಿಷಿನಲ್ಲಿ ನಡೆಯಿತು.

"ಮೊದಲು ಕನ್ನಡದ್ದು ಮಾಡೋಣ," ಅಂದರು. "ಧ್ವನಿ ದಣಿಯುವ ಮುಂಚೆ."

ಸುಳ್ಳು ಹೇಳಲು ನನಗೆ ಬರುವುದಿಲ್ಲ. ಮುಖ ಕಾಣದಿರಲೆಂದು ಕೇಬಲ್ ಹುಡುಕುವವಳ ಹಾಗೆ ಮೇಜಿನ ಕೆಳಗೆ ಬಗ್ಗಿದೆ.

ಈ ಕೆಲಸ ನಡೆಯುವ ರೀತಿ ಹೀಗೆ. ಬೂತಿನೊಳಗೆ ಪರದೆಯ ಮೇಲೆ ದೃಶ್ಯದ ಒಂದು ತುಣುಕು ಓಡುತ್ತದೆ. ಸೆಟ್‌ನಲ್ಲಿ ದಾಖಲಾದ ಕೆಟ್ಟ ಧ್ವನಿ ಹೆಡ್‌ಫೋನಿನಲ್ಲಿ ಕೇಳುತ್ತದೆ; ಅದನ್ನು ಗೈಡ್ ಟ್ರ್ಯಾಕ್ ಅನ್ನುತ್ತೇವೆ. ಮೂರು ಬೀಪ್ ಬರುತ್ತದೆ, ನಾಲ್ಕನೆಯದು ಬರಬೇಕಾದ ಜಾಗದಲ್ಲಿ ಮಾತು ಶುರುವಾಗಬೇಕು. ತುಟಿ ಸೇರುವ ಅಕ್ಷರಗಳಿಗೆ, ಅಂದರೆ ಪ, ಬ, ಮಗಳಿಗೆ, ಪರದೆಯ ಮೇಲೂ ತುಟಿ ಸೇರಿರಬೇಕು. ಮಿಕ್ಕದ್ದನ್ನು ನಾನು ಅಲ್ಲಿ ಇಲ್ಲಿ ಎಳೆದು ಕೂರಿಸಿಕೊಳ್ಳಬಲ್ಲೆ.

ತುಟಿಯ ಲೆಕ್ಕದಲ್ಲಿ ನಟಿಯನ್ನು ಹಿಡಿಯುವವರಿರಲಿಲ್ಲ. ಮೊದಲ ಸಲವೇ ಸರಿಯಾಗಿ ಕೂರುತ್ತಿತ್ತು. ಆದರೆ ಧ್ವನಿಯಲ್ಲಿ ಜೀವವಿರಲಿಲ್ಲ. ಚಿತ್ರದ ಮುಖ್ಯ ದೃಶ್ಯವೆಂದರೆ ಊಟದ ಮೇಜಿನ ಮುಂದೆ ಸೊಸೆ ಅತ್ತೆಗೆ ಮಗನ ಕೊನೆಯ ಬೆಳಗನ್ನು ಕನ್ನಡದಲ್ಲಿ ಹೇಳುವುದು. ಅದನ್ನು ಅವರು ಒಂದೂ ತಪ್ಪಿಲ್ಲದೆ ಒಪ್ಪಿಸಿದರು. ರೈಲ್ವೆ ಸ್ಟೇಷನ್ನಿನ ಪ್ರಕಟಣೆ ಕೇಳಿದ ಹಾಗಾಯಿತು.

"ಸತ್ತಿದೆ ಅಲ್ವಾ?" ಅಂತ ಅವರೇ ಕೇಳಿದರು.

"ಸ್ವಲ್ಪ," ಅಂದೆ.

"ಸ್ವಲ್ಪ ಸಾಯುವುದಕ್ಕೆ ಬರುವುದಿಲ್ಲ. ನಾನು ಬೇಕಾದಷ್ಟು ಶವಗಳನ್ನು ನೋಡಿದ್ದೇನೆ," ಎಂದು ನಕ್ಕರು. ಪತ್ತೇದಾರಿ ಪಾತ್ರ ಮುಗಿದ ಮೇಲೆ ಅವರಿಗೆ ಸಿಕ್ಕಿದ್ದೆಲ್ಲ ಬರೀ ಕೊಲೆಯಾದವರ ತಾಯಿಯ ಪಾತ್ರವಂತೆ. ಒಮ್ಮೆಯಂತೂ ಕೊಲೆಯಾದವಳೇ. ತಣ್ಣಗಿನ ಮೇಜಿನ ಮೇಲೆ ಉಸಿರು ಕಟ್ಟಿಕೊಂಡು ಮಲಗಿದ್ದಾಗ, ಅವರ ಹಳೆಯ ಪಾತ್ರಕ್ಕೆ ಬದಲಿಗೆ ಬಂದ ಹೊಸ ಅಧಿಕಾರಿಣಿ ಅವರ ಮೇಲೆ ಬಗ್ಗಿ ಮಾತಾಡುತ್ತಿದ್ದಳಂತೆ. "ಈ ಚಿತ್ರದಲ್ಲಿ ನನಗೆ ಪೂರ್ತಿ ಒಂದು ದೃಶ್ಯವಿದೆ. ನಾನೇ ಮಾತಾಡುತ್ತೇನೆ, ಇನ್ನೊಬ್ಬರು ಕೇಳುತ್ತಾರೆ. ಎಷ್ಟು ವರ್ಷವಾಗಿತ್ತು ಗೊತ್ತಾ? ಇದನ್ನು ನೋಡಿದವರು ನನ್ನನ್ನು ಮತ್ತೆ ಕರೆಯಬಹುದು. ಅದಕ್ಕೇ ನನಗೆ ಭಯ."

ಎಂಟು ತಿಂಗಳಿಂದ ಆ ಮಾತುಗಳನ್ನು ಬಾಯಿಪಾಠ ಮಾಡುತ್ತಿದ್ದರಂತೆ. ಬಸ್ಸಿನಲ್ಲಿ, ಅಡುಗೆ ಮಾಡುವಾಗ, ಹೋಟೆಲಿನ ಕಾರಿಡಾರಿನಲ್ಲಿ ನಡೆಯುತ್ತಾ. ನನ್ನ ಕಂಪ್ಯೂಟರಿನಲ್ಲೇ, ಪಕ್ಕದ ಫೋಲ್ಡರಿನಲ್ಲಿ, ಅವೇ ಮಾತುಗಳು ಬೆಂಗಳೂರಿನ ಧ್ವನಿಯಲ್ಲಿ ಸಿದ್ಧವಾಗಿ ಕೂತಿದ್ದವು. ಅವತ್ತಿಡೀ ಆ ಫೋಲ್ಡರಿನ ಮೇಲೆ ಬೇರೊಂದು ವಿಂಡೋ ಎಳೆದು ಮುಚ್ಚಿಟ್ಟುಕೊಂಡು ಕೆಲಸ ಮಾಡಿದೆ. ಇದೆಂಥ ಕರ್ಮ ಅನ್ನಿಸಿತು.

ಎರಡನೇ ದಿನ ಬೆಳಿಗ್ಗೆ ಆಂಟಿಯ ಸರದಿ. ನಟಿಗೆ ಮಧ್ಯಾಹ್ನ ಬನ್ನಿ ಎಂದಿದ್ದೆ. ಡಾಕ್ಟರೇ ಆಂಟಿಯನ್ನು ಹ್ಯೂಸ್ಟನ್‌ನಿಂದ ಡ್ರೈವ್ ಮಾಡಿಕೊಂಡು ಕರೆತಂದರು. ಆಂಟಿ ಕಾರಿನಿಂದ ಇಳಿದದ್ದೇ ಒಂದು ದೊಡ್ಡ ಚೀಲ ನನ್ನ ಕೈಗಿಟ್ಟು, "ರೊಟ್ಟಿ, ಶೇಂಗಾ ಚಟ್ನಿ, ಎಣ್ಣಿಗಾಯಿ ಅದಾವ. ಮೊದಲ ನಾಷ್ಟಾ ಮಾಡ್ರಿ. ನಿಮ್ಮ ಮಕ ಯಾಕೋ ಭಾಳ ಸೊರಗೇದ," ಅಂದರು.

ಆಂಟಿಯನ್ನು ಬೂತಿನಲ್ಲಿ ಕೂರಿಸಿದೆ. ಬಳೆಗಳ ಸದ್ದು ಬಾರದಿರಲೆಂದು ಕೈಗೆ ಕರವಸ್ತ್ರ ಸುತ್ತಿದೆ. ಊಟದ ಮೇಜಿನ ದೃಶ್ಯದಲ್ಲಿ ಅವರ ಮಾತು ಕಡಿಮೆ. ಸೊಸೆ ಹೇಳುತ್ತಿರುವಾಗ ನಡುನಡುವೆ ಒಂದೊಂದು ಪ್ರಶ್ನೆ, ಅಷ್ಟೆ. ಸೊಸೆಯ ಮಾತನ್ನು ಹೆಡ್‌ಫೋನಿನಲ್ಲಿ ಕೇಳಿಸಿ, ಅದಕ್ಕೆ ಇವರು ಉತ್ತರಿಸಬೇಕು. ಡಾಕ್ಟರು ಹೇಳಿದಂತೆ ಬೆಂಗಳೂರಿನ ಧ್ವನಿಯನ್ನೇ ಹಾಕಿದೆ.

ಬೀಪ್ ಆಯಿತು. ಆಂಟಿ ಬಾಯಿ ಬಿಡಲಿಲ್ಲ. ಇನ್ನೊಮ್ಮೆ ಹಾಕಿದೆ. ಆಗಲೂ ಇಲ್ಲ. ಹೆಡ್‌ಫೋನ್ ತೆಗೆದು ಗಾಜಿನಾಚೆಯಿಂದ ನನ್ನನ್ನೇ ನೋಡಿದರು.

"ಇದ್ಯಾರು ಮಾತಾಡೋರು?"

ಡಾಕ್ಟರು ನನ್ನ ಹಿಂದೆ ಕೂತಿದ್ದವರು ಮೈಕ್ ಗುಂಡಿ ಒತ್ತಿ, "ಅಕ್ಕಾರ, ಅದು ಡಬ್ಬಿಂಗ್ ಮಾಡ್ಸೇವ್ರಿ. ಕನ್ನಡ ಛಲೋ ಬರ್ತದ ಆಕಿಗೆ," ಅಂದರು.

"ಬರಲಿ ಬಿಡ್ರಿ. ನಾ ಆಕಿನ್ನ ನೋಡೇ ಇಲ್ಲ. ಅವತ್ತ ನನ್ನ ಮುಂದ ಕೂತು ಹೇಳಿದಾಕಿ ಬ್ಯಾರೆ. ಆಕಿ ಹೇಳಿದ್ದು ಕೇಳಿ ನಾ ಅತ್ತೀನಿ. ಈಕಿ ಯಾರಂತ ಈಕಿ ಮುಂದ ಅಳ್ಲಿ?"

"ಆಕ್ಟಿಂಗ್ ಅಲ್ಲೇನ್ರಿ ಅಕ್ಕಾರ..."

"ನನಗ ಆಕ್ಟಿಂಗ್ ಬರೂದಿಲ್ಲ ಅಂತ ಮೊದಲ ಹೇಳಿದ್ದೆ ನಿಮಗ."

ಅವರನ್ನು ಸಮಾಧಾನ ಮಾಡಬೇಕೆಂದು ನಾನು ಸೆಟ್‌ನ ಗೈಡ್ ಟ್ರ್ಯಾಕ್ ಹಾಕಿದೆ. ಸ್ಪೀಕರಿನಲ್ಲಿ ನಟಿಯ ಧ್ವನಿ ಬಂತು, ಹಿಂದೆಯೇ ಫ್ಯಾನಿನ ಗುಂಯ್. ಆಂಟಿಯ ಮುಖ ಸಡಿಲವಾಯಿತು. ಅಷ್ಟರಲ್ಲಿ ಉದ್ದಕ್ಕೆ ಒಂದು ಸೀಟಿ.

"ತಡೀರಿ. ಇದು ನಮ್ಮನಿ ಕುಕ್ಕರ್ ಅಲ್ಲೇನು?"

ಡಾಕ್ಟರು ಫೋನ್ ನೋಡತೊಡಗಿದರು.

"ಇದರ ಸಲುವಾಗಿ ಎಲ್ಲಾರೂ ಮತ್ತ ಮಾಡಾಕ ಹತ್ತೇರೇನು?" ಆಂಟಿಯ ಧ್ವನಿ ಇಳಿಯಿತು. "ಒಂದು ಮಾತು ಹೇಳಬಾರದ? ಒಲಿ ಆರಸ್ತಿದ್ದೆ. ಅದರಾಗ ಏನದ? ನನಗ ಬ್ಯಾಸರಾಗ್ತದಂತ ಸುಮ್ಮನಿದ್ರೇನು? ಈಗ ಆಗಿದ್ದು ಬ್ಯಾಸರಲ್ಲೇನು?"

ನನಗೆ ಕೆನ್ನೆಗೆ ಹೊಡೆದಂತಾಯಿತು. ಈ ಬೂತಿನಲ್ಲಿ ನಾವು ಮಾಡುತ್ತಿದ್ದದ್ದೂ ಅದನ್ನೇ. ಪಾಪ, ಬೇಜಾರು ಮಾಡಿಕೊಳ್ಳುತ್ತಾರೆ ಎಂದು ಹೇಳದೆ ಉಳಿಸಿಕೊಂಡು, ಕೆಲಸ ಕೆಟ್ಟ ಮೇಲೆ ಅವರಿಂದಲೇ ಮುಚ್ಚಿಡುವುದು.

"ಡಾಕ್ಟ್ರೇ, ನಾನು ನಟಿಗೆ ಹೇಳ್ತೀನಿ," ಅಂದೆ.

"ಏನು ಹೇಳ್ತೀರಿ?"

"ಎಲ್ಲಾನೂ. ಬೆಂಗಳೂರಿನ ಧ್ವನಿ ಇಲ್ಲಿ ಇದೆ ಅಂತ."

"ಬ್ಯಾಡ ಅಂತ ಹೇಳಿದ್ದೆನಲ್ರಿ ನಿಮಗ." ಅವರ ಮುಖ ಗಂಟಿಕ್ಕಿತು. "ಇದು ನನ್ನ ಪಿಕ್ಚರ್ರು."

"ಹೌದು. ನಾಳೆ ಅವರು ಥಿಯೇಟರಿನಲ್ಲಿ ಕೂತು ತಮ್ಮ ಬಾಯಲ್ಲಿ ಬೇರೆಯವರ ಧ್ವನಿ ಕೇಳಿದ್ರೆ ಅವತ್ತೂ ಇದು ನಿಮ್ಮ ಪಿಕ್ಚರ್ರೇ."

ಎಲ್ಲಿಂದ ಬಂತೋ ಆ ಧೈರ್ಯ. ಇನ್ನು ಇವರು ಕೆಲಸವನ್ನು ಬೇರೆ ಸ್ಟುಡಿಯೊಗೆ ಒಯ್ಯುತ್ತಾರೆ, ಟೆಕ್ಸಸ್‌ನ ಅರ್ಧ ಕನ್ನಡಿಗರಿಗೆ ನನ್ನ ಮೇಲೆ ಚಾಡಿ ಹೇಳುತ್ತಾರೆ ಎಂದೆಲ್ಲ ಲೆಕ್ಕ ಹಾಕುತ್ತಾ ಪಾರ್ಕಿಂಗ್ ಲಾಟಿಗೆ ಹೋಗಿ ನಿಂತೆ. ಕಾಂಕ್ರೀಟು ಕಾದು ಕಾಲು ಸುಡುತ್ತಿತ್ತು. ನಟಿ ಟ್ಯಾಕ್ಸಿಯಿಂದ ಇಳಿದ ಕೂಡಲೇ ಒಂದೇ ಉಸಿರಿಗೆ ಹೇಳಿ ಮುಗಿಸಿದೆ.

ಅವರು ಕೂಗಾಡಲಿಲ್ಲ. "ಕೇಳಿಸಿ," ಅಂದರು.

ಒಳಗೆ ಬಂದು ಡಾಕ್ಟರಿಗೂ ಆಂಟಿಗೂ ನಮಸ್ಕಾರ ಮಾಡಿ, ನನ್ನ ಕುರ್ಚಿಯಲ್ಲಿ ಕೂತು, ಬೆಂಗಳೂರಿನ ಧ್ವನಿಯಲ್ಲಿ ಆ ದೃಶ್ಯವನ್ನು ಎರಡು ಸಲ ಕೇಳಿದರು. ಪರದೆಯ ಮೇಲೆ ಅವರದೇ ಬಾಯಿ, ಅವರದೇ ಕಣ್ಣೀರು. ಪರದೆಯನ್ನೂ ಅವರನ್ನೂ ನೋಡಲಾಗದೆ ನಾನು ಗೋಡೆ ನೋಡುತ್ತಾ ನಿಂತೆ.

"ಆಕೆ ಚೆನ್ನಾಗಿ ಮಾಡಿದ್ದಾಳೆ," ಅಂದರು ಕೊನೆಗೆ. "ನಾನೂ ಈ ಕೆಲಸ ಮಾಡಿದವಳು. ಪಾತ್ರಗಳಿಲ್ಲದಾಗ ಒಬ್ಬ ಅಮೆರಿಕನ್ ನಟಿಗೆ ಜರ್ಮನ್ ಧ್ವನಿ ಕೊಡುತ್ತಿದ್ದೆ. ನಾನು ಅವಳನ್ನು ಯಾವತ್ತೂ ಭೇಟಿಯಾಗಲಿಲ್ಲ. ನನ್ನ ಧ್ವನಿ ಕೇಳಿದರೆ ಏನನ್ನುತ್ತಾಳೋ ಅಂತ ಆಗೀಗ ಯೋಚಿಸುತ್ತಿದ್ದೆ." ಡಾಕ್ಟರ ಕಡೆ ತಿರುಗಿದರು. "ನನಗೆ ಒಂದು ಅವಕಾಶ ಕೊಡಿ. ಆಮೇಲೂ ನಿಮಗೆ ಆ ಧ್ವನಿಯೇ ಬೇಕು ಅನ್ನಿಸಿದರೆ ನಾನು ಜಗಳ ಮಾಡುವುದಿಲ್ಲ."

ಡಾಕ್ಟರು ನೆಲ ನೋಡುತ್ತಾ ಒಪ್ಪಿದರು. ಎದುರು ಕೂತು ಕೇಳಿದವರಿಗೆ ಇಲ್ಲ ಅನ್ನಲು ಅವರಿಗೂ ಬಾರದು.

ಈಗ ಭಾರ ನನ್ನ ತಲೆಯ ಮೇಲೆ ಬಂತು. ಹಿಂದಿನ ದಿನದ ಹಾಗೆ ಮಾಡಿಸಿದರೆ ಮತ್ತೆ ಅದೇ ಸತ್ತ ಧ್ವನಿ ಬರುತ್ತಿತ್ತು. ಡಬ್ಬಿಂಗಿನಲ್ಲಿ ಒಬ್ಬೊಬ್ಬರನ್ನೇ ಕೂರಿಸುವುದು ಕ್ರಮ. ಇಬ್ಬರನ್ನು ಒಟ್ಟಿಗೆ ಕೂರಿಸಿದರೆ ಒಬ್ಬರ ಧ್ವನಿ ಇನ್ನೊಬ್ಬರ ಮೈಕಿಗೆ ನುಗ್ಗುತ್ತದೆ. ಆಮೇಲೆ ಒಬ್ಬರದನ್ನು ಸರಿಮಾಡಲು ಹೋದರೆ ಇನ್ನೊಬ್ಬರದೂ ಕಿತ್ತು ಬರುತ್ತದೆ. ಪರದೆ ನೋಡದೆ ಮಾತಾಡಿದರೆ ತುಟಿ ಎಲ್ಲೋ, ಮಾತು ಎಲ್ಲೋ. ಇದನ್ನೆಲ್ಲ ಇತರರಿಗೆ ಪಾಠ ಹೇಳುವವಳು ನಾನೇ. ಆದರೂ ಬೂತಿನ ಪರದೆ ಆರಿಸಿದೆ, ಬೀಪ್ ತೆಗೆದುಹಾಕಿದೆ, ಎರಡು ಕುರ್ಚಿ ಎದುರುಬದುರು ಹಾಕಿ, ಎರಡು ಮೈಕನ್ನು ಬೆನ್ನಿಗೆ ಬೆನ್ನು ಮಾಡಿ ಇಟ್ಟೆ.

"ಚಿತ್ರ ಬೇಡ," ಅಂದೆ ನಟಿಗೆ. "ಆಂಟಿಗೆ ಹೇಳಿ, ಸಾಕು."

ಇಬ್ಬರೂ ಕೂತರು. ಆಂಟಿ ಕರವಸ್ತ್ರ ಸುತ್ತಿದ ಕೈಯನ್ನು ಮುಂದೆ ಚಾಚಿ ನಟಿಯ ಕೈ ಹಿಡಿದುಕೊಂಡರು. ನಾನು ರೆಕಾರ್ಡಿಂಗ್ ಗುಂಡಿ ಒತ್ತಿದೆ.

ನಟಿ ಶುರುಮಾಡಿದರು. ಬೆಳಿಗ್ಗೆ ಕಾಫಿ ಕೇಳಿದ್ದು, ಎದೆ ಒತ್ತಿದ ಹಾಗಾಗುತ್ತಿದೆ ಅಂದದ್ದು, ಅಮ್ಮನಿಗೆ ಫೋನ್ ಮಾಡಬೇಡ, ಹೆದರಿಕೊಳ್ಳುತ್ತಾಳೆ ಅಂದದ್ದು. ಉಚ್ಚಾರ ಹಿಂದಿನ ದಿನಕ್ಕಿಂತ ಕೆಟ್ಟಿತ್ತು. ಆದರೆ ಮಾತು ಈಗ ಯಾರಿಗೋ ಹೋಗಿ ಮುಟ್ಟುತ್ತಿತ್ತು. ಆಂಟಿ ತಮ್ಮ ಪ್ರಶ್ನೆಗಳನ್ನು ತಮ್ಮ ಪಾಡಿಗೆ ಕೇಳುತ್ತಿದ್ದರು, ಸ್ಕ್ರಿಪ್ಟಿನಲ್ಲಿ ಬರೆದಿದೆ ಎಂಬುದೇ ಮರೆತವರ ಹಾಗೆ.

ಕೊನೆಗೆ ಬರಬೇಕಾದ ಮಾತು, "ಆಂಬುಲೆನ್ಸ್ ಬರೋದ್ರೊಳಗೆ ಅವ್ರು ತೀರಿಕೊಂಡ್ರು." ನಟಿ "ಅವ್ರು" ಎಂದವರು ನಿಂತರು. ಬಾಯಿ ತೆರೆದೇ ಇತ್ತು, ಶಬ್ದ ಸಿಗಲಿಲ್ಲ. ಎಂಟು ತಿಂಗಳ ಬಾಯಿಪಾಠ ಅಲ್ಲಿಗೆ ಕೈಕೊಟ್ಟಿತ್ತು. "ಅವ್ರು..." ಅಂದರು ಮತ್ತೆ. ಮುಗಿಯಿತು ಕಥೆ ಅಂದುಕೊಂಡೆ. ನಿಲ್ಲಿಸಲು ಗುಂಡಿಯ ಮೇಲೆ ಬೆರಳಿಟ್ಟೆ. ಒತ್ತಲಿಲ್ಲ. ಯಾಕೆ ಒತ್ತಲಿಲ್ಲ ಎಂದು ಇಂದಿಗೂ ಸರಿಯಾಗಿ ಗೊತ್ತಿಲ್ಲ.

"ಹೋದ," ಅಂದರು ಆಂಟಿ. ಮೆಲ್ಲಗೆ, ಮಗುವಿಗೆ ಮಾತು ಹೇಳಿಕೊಡುವ ಹಾಗೆ.

"ಹೋದ," ಅಂದರು ನಟಿ.

ತಿರುಗಿ ನೋಡಿದರೆ ಡಾಕ್ಟರು ಎದ್ದು ಹೋಗಿದ್ದರು. ಗಾಜಿನ ಬಾಗಿಲಿನಾಚೆ ಕಾರಿನ ಪಕ್ಕ ನಿಂತಿದ್ದರು. ವಾಪಸು ಬಂದವರು ಒಳ್ಳೆಯದು ಅನ್ನಲಿಲ್ಲ, ಕೆಟ್ಟದ್ದು ಅನ್ನಲಿಲ್ಲ. "ನೋಡೋಣ್ರಿ. ಆಸ್ಟಿನ್‌ನಾಗ ಎಡಿಟಿಂಗ್ ನಡದದಲ್ಲ, ಅಲ್ಲಿ ಚಿತ್ರಕ್ಕ ಕೂಡ್ಸಿ ನೋಡೋಣ," ಎಂದಷ್ಟೇ ಹೇಳಿ ಆಂಟಿಯನ್ನು ಕರೆದುಕೊಂಡು ಹೊರಟರು. ನಟಿಯೂ ವಾರದ ಕೊನೆಗೆ ಊರಿಗೆ ಹೊರಟುಹೋದರು. ವಿಮಾನ ನಿಲ್ದಾಣದಿಂದ ಒಂದು ಮೆಸೇಜ್ ಬಂತು. ಏನಾದರೂ ತಿಳಿದರೆ ಹೇಳಿ, ಕೆಟ್ಟದ್ದಾದರೂ ಹೇಳಿ, ಎಂದಿತ್ತು.

ಮುಂದಿನ ವಾರ ಪೂರ್ತಿ ಆ ನಾಲ್ಕು ನಿಮಿಷದ ಹಿಂದೆ ಬಿದ್ದೆ. ಮಾತನ್ನು ಅಕ್ಷರ ಅಕ್ಷರವಾಗಿ ಕತ್ತರಿಸಿ, ಎಳೆದು, ಕುಗ್ಗಿಸಿ ತುಟಿಗೆ ಕೂರಿಸಿದೆ. ಇಬ್ಬರ ಧ್ವನಿ ಬೆರೆತಿದ್ದ ಕಡೆ ಕಣ್ಣಿಗೆ ಎಣ್ಣೆ ಬಿಟ್ಟುಕೊಂಡು ಕೂತೆ. ಆದರೆ ಆ ಕೊನೆಯ ಶಬ್ದ ಮಾತ್ರ ಯಾವ ಉಪಾಯಕ್ಕೂ ಬಗ್ಗಲಿಲ್ಲ. ಪರದೆಯ ಮೇಲೆ ನಟಿಯ ಬಾಯಿ 'ತೀರಿಕೊಂಡ್ರು' ಅನ್ನುತ್ತಿತ್ತು. ನಿರ್ದೇಶಕಿಗೆ ಫೋನ್ ಮಾಡಿದೆ. ಆಸ್ಟಿನ್‌ನಲ್ಲಿ ಎಡಿಟಿಂಗ್ ಮಾಡುತ್ತಿದ್ದ ಆಕೆ ಇಲ್ಲೇ ಹುಟ್ಟಿ ಬೆಳೆದವಳು. ಕನ್ನಡ ಅರ್ಥವಾಗುತ್ತದೆ, ಉತ್ತರ ಇಂಗ್ಲಿಷಿನಲ್ಲಿ.

"ಆ ಜಾಗದಲ್ಲಿ ಆಂಟಿ ಮುಖ ಹಾಕೋಕೆ ಆಗುತ್ತಾ?" ಅಂತ ಕೇಳಿದೆ.

ಆಗುತ್ತದೆ, ಆದರೆ ನಟಿಯ ಮುಖವೇ ಆ ದೃಶ್ಯದ ಬಂಡವಾಳ, ಕೊನೆಯ ಮಾತಿನಲ್ಲೇ ಅದನ್ನು ತೆಗೆದರೆ ಅವರು ಒಪ್ಪುತ್ತಾರಾ ಎಂದಳು. ನಾನು ಜರ್ಮನಿಗೆ ಬರೆದು ಕೇಳಿದೆ. ಉತ್ತರ ತಕ್ಷಣ ಬಂತು. ಮುಖ ತೆಗೆಯಿರಿ, ಧ್ವನಿ ಇರಲಿ.

ಆಸ್ಟಿನ್‌ನ ಮಿಕ್ಸಿಂಗ್ ಕೋಣೆಯಲ್ಲಿ ಕೊನೆಗೊಂದು ಮಧ್ಯಾಹ್ನ ನಿರ್ದೇಶಕಿ, ಡಾಕ್ಟರು, ನಾನು ಮೂವರೂ ಕೂತೆವು. ಡಾಕ್ಟರು ಹ್ಯೂಸ್ಟನ್‌ನಿಂದ ಬಂದಿದ್ದರು, ಕುತ್ತಿಗೆಯಲ್ಲಿ ಆಸ್ಪತ್ರೆಯ ಬ್ಯಾಡ್ಜ್ ಇನ್ನೂ ನೇತಾಡುತ್ತಿತ್ತು. ಮೊದಲು ಬೆಂಗಳೂರಿನ ಧ್ವನಿ ಕೇಳಿದೆವು. ನುಣುಪಾದ ಕನ್ನಡ, ಎಲ್ಲಿಯೂ ಮುಗ್ಗರಿಸುವುದಿಲ್ಲ. ಡಾಕ್ಟರು ತಲೆದೂಗಿದರು. ಆಮೇಲೆ ನಮ್ಮದು. ಕೊನೆಯಲ್ಲಿ ಪರದೆಯ ಮೇಲೆ ಆಂಟಿಯ ಮುಖ ಬಂತು. "ಅವ್ರು..." ಎಂದು ನಿಂತ ಧ್ವನಿ, ನಂತರ ಆ ಶಬ್ದ ಎರಡು ಸಲ, ಒಬ್ಬರ ಹಿಂದೆ ಒಬ್ಬರು.

ನಿರ್ದೇಶಕಿ ದೃಶ್ಯ ನಿಲ್ಲಿಸಿದಳು. ಡಾಕ್ಟರು ಕನ್ನಡಕ ತೆಗೆದು ಕೈಯಲ್ಲಿ ಹಿಡಿದುಕೊಂಡೇ ಕೂತಿದ್ದರು. ಏನನ್ನುತ್ತಾರೋ ಎಂದು ನನಗೆ ಕೂತಲ್ಲಿ ಕೂರಲಾಗುತ್ತಿರಲಿಲ್ಲ.

"ಆ ಶಬ್ದ ಬರಲಿಲ್ಲಲ್ಲ ಆಕಿಗೆ," ಅಂದರು.

"ಹೌದು ಡಾಕ್ಟ್ರೇ. ಬೇಕಿದ್ರೆ ಅದೊಂದನ್ನ..."

"ಎಷ್ಟು ಮಂದಿ ತಾಯಂದಿರಿಗೆ ನಾ ಈ ಮಾತು ಹೇಳೇನ್ರಿ, ಐಸಿಯು ಹೊರಗ ನಿಂತು. ಒಮ್ಮೆನೂ ತೊದಲಿಲ್ಲ ನಾ. ಛಂದಾಗಿ, ಸ್ಪಷ್ಟ ಹೇಳಿ ಬರ್ತಿದ್ದೆ." ಕನ್ನಡಕವನ್ನು ಅಂಗಿಯ ತುದಿಗೆ ಒರೆಸಿದರು. "ತೊದಲಬೇಕಾಗಿತ್ತು."

ನಿರ್ದೇಶಕಿ ನನ್ನ ಮುಖ ನೋಡಿದಳು. ಅವಳೇ ಬೆಂಗಳೂರಿನ ಧ್ವನಿಯ ಟ್ರ್ಯಾಕನ್ನು ಮ್ಯೂಟ್ ಮಾಡಿ, ದೃಶ್ಯವನ್ನು ಮೊದಲಿನಿಂದ ಓಡಿಸಿದಳು.